ಕೈ ಮುರಿದಾಗ ‘ಬಿದ್ದೆ’ ಅಂತ ಬರೆಸಿದ್ದೆ. ಈಗ ಗಂಡನಿಂದ ಖರ್ಚು ಕೇಳಬಹುದಾ?

ಖಣದ ಕುಪ್ಪಸ:
ನಾನು ಗುಳೇದಗುಡ್ಡದವಳು. ಮನೆಯಲ್ಲೇ ಕುಪ್ಪಸ ಹೊಲಿಯುತ್ತೇನೆ. ಮುಧೋಳ ತಾಲ್ಲೂಕಿನ ಹಳ್ಳಿಗೆ ಕೊಟ್ಟು ಒಂಬತ್ತು ವರ್ಷವಾಯ್ತು, ಇಬ್ಬರು ಮಕ್ಕಳು. ಕಳೆದ ಶ್ರಾವಣದಲ್ಲಿ ನಮ್ಮ ಮನೆಯವರು ಕುಡಿದು ಬಂದು ನನ್ನ ಎಡಗೈ ತಿರುಚಿದರು, ಮಣಿಕಟ್ಟಿನ ಹತ್ತಿರ ಎಲುಬು ಮುರಿಯಿತು. ದವಾಖಾನೆಯಲ್ಲಿ ಹೇಗಾಯ್ತು ಅಂತ ಡಾಕ್ಟರ್ ಕೇಳಿದಾಗ ಅವರು ಪಕ್ಕದಲ್ಲೇ ನಿಂತಿದ್ದರು. ‘ಬಚ್ಚಲದಾಗ ಜಾರಿ ಬಿದ್ದೆ’ ಅಂದೆ. ಚೀಟಿಯಲ್ಲೂ ಹಾಗೇ ಇದೆ.

ಹಿರಿಯರು ಎರಡು ಸಲ ಕೂತು ಮಾತಾಡಿದರು. ಎರಡನೇ ಸಲ ಅವರಿಗೆಲ್ಲ ಪ್ಲಾಸ್ಟರ್ ಕೈಯಲ್ಲಿ ಚಹಾ ಮಾಡಿಕೊಟ್ಟಿದ್ದು ನಾನೇ. ದೀಪಾವಳಿ ಆಗಿ ನಾಲ್ಕನೇ ದಿನ ರಾತ್ರಿ ಮಕ್ಕಳ ಸಮೇತ ಹೊರಗೆ ಹಾಕಿದರು. ಈಗ ಅವ್ವನ ಮನೆಯಲ್ಲಿದ್ದೇನೆ. ನನ್ನ ಬೋರಮಾಳ, ಪಾಟಲಿ, ಎಲ್ಲ ಸೇರಿ ನಾಲ್ಕು ತೊಲೆ ಬಂಗಾರ ಅತ್ತೆಯ ಹತ್ತಿರವೇ ಉಳಿದಿದೆ. ಕೈ ಇನ್ನೂ ಪೂರ್ತಿ ತಿರುಗುವುದಿಲ್ಲ. ದಿನಕ್ಕೆ ಆರು ಕುಪ್ಪಸ ಹೊಲಿಯುತ್ತಿದ್ದವಳು ಎರಡಕ್ಕೆ ಬಂದಿದ್ದೇನೆ.

ಸೋಡಚೀಟಿ (ವಿಚ್ಛೇದನ) ಈಗಲೇ ಬೇಡ. ಖರ್ಚಿಗೆ ಹಣ ಬೇಕು, ಬಂಗಾರ ಬೇಕು. ಸರ್ಕಾರ ಪರಿಹಾರ ಕೊಡುತ್ತದೆ ಅಂತ ಒಬ್ಬರು, ಗಂಡನೇ ಕೊಡಬೇಕು ಅಂತ ಇನ್ನೊಬ್ಬರು. ಯಾವುದು ನಿಜ? ಕೇಸಿಗೆ ಮುಧೋಳಕ್ಕೇ ಓಡಾಡಬೇಕಾ? ವಕೀಲರಿಗೆ ಕೊಡಲು ನನ್ನ ಹತ್ತಿರ ಏನೂ ಇಲ್ಲ. ಬಿದ್ದೆ ಅಂತ ಬರೆಸಿದ್ದರಿಂದ ಎಲ್ಲ ಮುಗಿದೇ ಹೋಯ್ತಾ?

ಸಂಗಮದ ಹಾದಿ:
ತಂಗಿ, ಕೋರ್ಟಿನ ಮೆಟ್ಟಿಲು ಹತ್ತಿದರೆ ಮನೆ ಮತ್ತೆ ಕೂಡುವುದು ಕಷ್ಟ. ಇನ್ನೊಂದು ಸಲ ಹಿರಿಯರನ್ನು ಕೂರಿಸಿ ನೋಡಿ.

ಗಾಂಧಿಚೌಕದ ಅಕ್ಕ:
ಅಣ್ಣಾರ, ಮೂರನೇ ಸಲದ ಚಹಾನೂ ಅವಳೇ ಮಾಡಬೇಕೇನು?

ತಂಗಿ, ನಾನು ವಿಜಯಪುರದವಳು, ಇದೇ ದಾರಿ ತುಳಿದು ಬಂದವಳು. ಮೊದಲು ಮುಧೋಳದ ಚಿಂತೆ ಬಿಡು. 2005ರ ಕೌಟುಂಬಿಕ ಹಿಂಸೆ ಕಾಯ್ದೆಯ ಪ್ರಕಾರ ನೀನು ಈಗ ಎಲ್ಲಿದ್ದೀಯೋ ಅಲ್ಲಿನ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲೇ ಅರ್ಜಿ ಹಾಕಬಹುದು. ತವರಿನಲ್ಲಿ ತಾತ್ಕಾಲಿಕವಾಗಿ ಇದ್ದರೂ ನಡೆಯುತ್ತದೆ. ಓಡಾಡುವುದಿದ್ದರೆ ಅವನು ಓಡಾಡಲಿ. ನಿನಗೆ ಸರ್ಕಾರಿ ಬಸ್ ಹೇಗೂ ಫ್ರೀ. ಅರ್ಜಿಗೆ ಸೋಡಚೀಟಿ ಕೇಳಲೇಬೇಕು ಅಂತಿಲ್ಲ. ನಾನೂ ಕೇಳಿರಲಿಲ್ಲ.

ಸಿಡಿಪಿಒ ಆಫೀಸಿಗೆ ಹೋಗು. ಅಂಗನವಾಡಿ ನೋಡಿಕೊಳ್ಳುತ್ತಾರಲ್ಲ, ಅವರೇ. ನಮ್ಮಲ್ಲಿ ಈ ಕಾಯ್ದೆಯ ಸಂರಕ್ಷಣಾಧಿಕಾರಿಯೂ ಅವರೇ. ನೀನು ಹೇಳಿದ್ದನ್ನು ವರದಿ ಮಾಡಿ ಕೋರ್ಟಿಗೆ ಕಳಿಸುತ್ತಾರೆ, ಅದಕ್ಕೆ ಡಿಐಆರ್ ಅಂತಾರೆ. ನನ್ನನ್ನು ಮೂರು ಸಲ ‘ಸಾಹೇಬರು ಮೀಟಿಂಗಿಗೆ ಹೋಗಿದ್ದಾರೆ’ ಅಂತ ವಾಪಸ್ ಕಳಿಸಿದ್ದರು. ನಾಲ್ಕನೇ ಸಲ ಅಲ್ಲೇ ಬೆಂಚಿನ ಮೇಲೆ ಕೂತು ಮಹಿಳಾ ಸಹಾಯವಾಣಿ 181ಕ್ಕೆ ಫೋನ್ ಮಾಡಿದೆ. ಆಗ ಫಾರಂ ಹೊರಗೆ ಬಂತು.

ಹಣದ ವಿಷಯದಲ್ಲಿ ಇಬ್ಬರು ಹೇಳಿದ್ದೂ ನಿಜ. ಆದರೆ ಜೇಬು ಬೇರೆ ಬೇರೆ. ನಿನ್ನ, ಮಕ್ಕಳ ಖರ್ಚು, ದವಾಖಾನೆ ಬಿಲ್, ಹೊಲಿಗೆಯಲ್ಲಿ ಕಳೆದುಕೊಂಡ ದುಡಿಮೆ, ಅನುಭವಿಸಿದ ಹಿಂಸೆಗೆ ಪರಿಹಾರ, ಇವೆಲ್ಲ ಗಂಡ ಕೊಡಬೇಕಾದ್ದು. ಸರ್ಕಾರದ್ದು ಅಪರಾಧಕ್ಕೆ ಬಲಿಯಾದವರ ಪರಿಹಾರ ಯೋಜನೆ. ಅದಕ್ಕೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಅರ್ಜಿ. ಎಲುಬು ಮುರಿತ ಕಾನೂನಿನ ಕಣ್ಣಿಗೆ ತೀವ್ರ ಗಾಯವೇ, ಹಾಗಾಗಿ ನೀನು ಕೇಳಬಹುದು. ಆದರೆ ಅಲ್ಲಿ ಪೊಲೀಸ್ ದೂರಿನ ಪ್ರತಿ ಕೇಳುತ್ತಾರೆ. ದೂರು ಕೊಟ್ಟರೆ ಅದು ಕ್ರಿಮಿನಲ್ ಕೇಸಿನ ದಾರಿ ಹಿಡಿಯುತ್ತದೆ. ಅದನ್ನು ವಕೀಲರ ಹತ್ತಿರ ಕೂತು ಯೋಚಿಸು. ಖರ್ಚಿನ ಅರ್ಜಿಯನ್ನು ಮಾತ್ರ ಅದಕ್ಕಾಗಿ ಕಾಯಿಸಬೇಡ.

ಇನ್ನು ‘ಬಿದ್ದೆ’ ಅಂದಿದ್ದು. ನಾನು ‘ಒಲೆ ಸುಟ್ಟಿತು’ ಅಂತ ಬರೆಸಿದ್ದೆ! ಅವನ ಕಡೆ ವಕೀಲರು ಅದನ್ನೇ ಹಿಡಿದರು. ನಾನಂದೆ, ‘ಗಂಡ ನನ್ನ ಚೀಲ ಹಿಡಕೊಂಡು ಬಾಜೂಕೇ ನಿಂತಿದ್ದರ್ರೀ ಸಾಹೇಬರ, ಮತ್ತೇನು ಹೇಳಲಿ?’ ಅವರು ಮುಂದಿನ ಪ್ರಶ್ನೆಗೆ ಹೋದರು. ನೀನೂ ಮುಚ್ಚಿಡಬೇಡ. ಹಾಗೆ ಬರೆಸಿದ್ದೆ, ಯಾಕೆ ಬರೆಸಿದ್ದೆ ಅನ್ನುವುದನ್ನು ಅರ್ಜಿಯಲ್ಲೇ ಮೊದಲು ಹೇಳಿಬಿಡು.

60 ದಿನದಲ್ಲಿ ಮುಗಿಸಲು ನೋಡಬೇಕು ಅಂತ ಕಾಯ್ದೆ ಹೇಳುತ್ತದೆ. ನನಗೆ ಹದಿನಾಲ್ಕು ತಿಂಗಳು ಹಿಡಿಯಿತು, ಸುಮ್ನೆ ಆಸೆ ಹುಟ್ಟಿಸಲ್ಲ. ಆದರೆ ಕೇಸು ಮುಗಿಯುವ ಮೊದಲೇ ಕೊಡುವ ಮಧ್ಯಂತರ ಆದೇಶ ಮೂರನೇ ತಿಂಗಳಿಗೇ ಬಂತು, ತಿಂಗಳಿಗೆ 4,500. ಅದರಲ್ಲೇ ಮಗಳ ಸ್ಕೂಲು ನಡೆಯಿತು.

ಹಳೇ ಶಿರಸ್ತೇದಾರ, ಜಮಖಂಡಿ:
ಅಕ್ಕನವರು ಸರಿಯಾಗಿ ಹೇಳಿದ್ದಾರೆ. ಕೋರ್ಟಿನಲ್ಲಿ ಕೆಲಸ ಮಾಡಿ ನಿವೃತ್ತನಾದವನು, ಸ್ವಲ್ಪ ಸೇರಿಸುತ್ತೇನೆ.

ವಕೀಲರ ಫೀ ಚಿಂತೆ ಬೇಡ ತಾಯಿ. 1987ರ ಕಾನೂನು ಸೇವೆಗಳ ಕಾಯ್ದೆಯಲ್ಲಿ ಹೆಣ್ಣುಮಕ್ಕಳಿಗೆ ಆದಾಯ ಎಷ್ಟಿದ್ದರೂ ಉಚಿತ ವಕೀಲರು ಸಿಗುತ್ತಾರೆ. ತಾಲ್ಲೂಕು ಕೋರ್ಟಿನ ಆವರಣದಲ್ಲೇ ಕಾನೂನು ಸೇವಾ ಸಮಿತಿ ಇರುತ್ತದೆ. ಕಾನೂನು ನೆರವಿನ ಸಹಾಯವಾಣಿ 15100ಕ್ಕೆ ಫೋನ್ ಮಾಡಿದರೂ ಆದೀತು. ಆದೇಶದ ಪ್ರತಿಯನ್ನೂ ಪುಕ್ಕಟೆ ಕೊಡಬೇಕು.

ನಿಮ್ಮ ಯಜಮಾನರಿಗೆ ಕಬ್ಬು ಇದೆಯಾ? ಮುಧೋಳ ಅಂದಿರಿ, ಅದಕ್ಕೇ ಕೇಳಿದೆ. ‘ನನಗೆ ಆದಾಯವೇ ಇಲ್ಲ ಸ್ವಾಮಿ’ ಅಂತ ಕೈಮುಗಿದು ನಿಲ್ಲುವವರನ್ನು ಬೇಕಾದಷ್ಟು ನೋಡಿದ್ದೇನೆ. ಹೊರಗೆ ಹೊಸ ಬೈಕ್ ನಿಂತಿರುತ್ತಿತ್ತು. ಈಗ ಅದು ಅಷ್ಟು ಸುಲಭ ಇಲ್ಲ. 2020ರಲ್ಲಿ ರಜನೇಶ್ ವಿರುದ್ಧ ನೇಹಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ ಮೇಲೆ ಇಬ್ಬರೂ ಆಸ್ತಿ, ಸಾಲ, ಆದಾಯ ಎಲ್ಲ ಪ್ರಮಾಣಪತ್ರದಲ್ಲಿ ಬರೆದುಕೊಡಬೇಕು. ಹೊಲದ ಉತಾರ (ಪಹಣಿ) ತೆಗೆಸಿಡಿ, ಆನ್‌ಲೈನಿನಲ್ಲೇ ಸಿಗುತ್ತದೆ. ಆದೇಶವಾದ ಮೇಲೂ ಹಣ ಕೊಡದಿದ್ದರೆ, ಅವರಿಗೆ ಬಾಕಿ ಕೊಡಬೇಕಾದವರು ಯಾರೋ ಅವರಿಂದಲೇ ನೇರವಾಗಿ ನಿಮಗೆ ಕೊಡಿಸುವ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇದೆ, ಕೌಟುಂಬಿಕ ಹಿಂಸೆ ಕಾಯ್ದೆಯ 20ನೇ ಕಲಮಿನಲ್ಲಿ. ಅವರ ಹೆಸರಿನ ಕಬ್ಬಿನ ಬಿಲ್ ಕಾರ್ಖಾನೆಯಲ್ಲಿ ಬಾಕಿ ಇದ್ದರೆ ಅದನ್ನೂ ಕೇಳಬಹುದು. ಇದನ್ನು ವಕೀಲರಿಗೆ ನೆನಪಿಸಿ. ಎಷ್ಟೋ ಜನ ಕೇಳುವುದೇ ಇಲ್ಲ.

ಬಂಗಾರ ನಿಮ್ಮ ಸ್ತ್ರೀಧನ, ಅಂದರೆ ನಿಮ್ಮದೇ ಸ್ವತ್ತು. ವಾಪಸ್ ಕೊಡಿಸಿ ಅಂತ ಅದೇ ಅರ್ಜಿಯಲ್ಲಿ ಕೇಳಿ.

ಖಣದ ಕುಪ್ಪಸ:
ಎರಡು ಎಕರೆ ಅವರ ಹೆಸರಿಗಿದೆ ಸರ್, ಉಳಿದದ್ದು ಮಾವನವರದ್ದು. ಎಕ್ಸ್‌ರೇ ಅಲ್ಲೇ ಟ್ರಂಕಿನಲ್ಲಿ ಉಳಿದಿದೆ. ಬಂಗಾರದ ರಸೀದಿಯೂ ಇಲ್ಲ, ಅಪ್ಪ ಪರಿಚಯದ ಅಕ್ಕಸಾಲಿಗನ ಹತ್ತಿರ ಮಾಡಿಸಿದ್ದು.

ಗಾಂಧಿಚೌಕದ ಅಕ್ಕ:
ಎಕ್ಸ್‌ರೇಗೆ ಆ ಮನೆಗೆ ಒಬ್ಬಳೇ ಹೋಗಬೇಡ ಮತ್ತೆ! ದವಾಖಾನೆಯಲ್ಲಿ ತಾರೀಖು ಹೇಳಿ ದಾಖಲೆಯ ಪ್ರತಿ ಕೇಳು. ಬಂಗಾರಕ್ಕೆ ಮದುವೆ ಫೋಟೋ ಹುಡುಕು. ಎಲ್ಲದರ ಜೆರಾಕ್ಸ್ ಕೊಡು, ಅಸಲು ನಿನ್ನ ಹತ್ತಿರವೇ ಇರಲಿ.

ಖಣದ ಕುಪ್ಪಸ:
ಸೋಮವಾರ ಅವ್ವನ ಜೊತೆ ಹೋಗುತ್ತೇನೆ ಅಕ್ಕಾ. ಆಲ್ಬಮ್ ಸಿಕ್ಕಿತು. ಬೋರಮಾಳ ಸರಿಯಾಗಿ ಕಾಣುವ ಫೋಟೋ ಒಂದೇ ಇದೆ. ಅದರಲ್ಲಿ ಅತ್ತೆಯೇ ಅದನ್ನು ನನ್ನ ಕೊರಳಲ್ಲಿ ನೆಟ್ಟಗೆ ಮಾಡುತ್ತಿದ್ದಾರೆ.