ಮಕ್ಕಳ ಜೊತೆ ಮವೂನ್‌ಗೆ ಹೋಗಬಹುದಾ? (ಬೋಟ್ಸ್ವಾನಾ)

ಮೈಸೂರಿನ ಅಮ್ಮ: ನಮಸ್ಕಾರ. ನಾವು ಬೋಟ್ಸ್ವಾನಾದ ರಾಜಧಾನಿ ಗ್ಯಾಬರೋನ್‌ನಲ್ಲಿದ್ದೇವೆ. ನಮ್ಮ ಯಜಮಾನರಿಗೆ ಈಗ ಉತ್ತರದ ಮವೂನ್ ಊರಿಗೆ ವರ್ಗವಾಗಿದೆ. ಮಗಳು ನಾಲ್ಕನೇ ಕ್ಲಾಸು, ಮಗ ಇನ್ನೂ ಚಿಕ್ಕವನು. ಇಲ್ಲಿ ಹಬ್ಬಕ್ಕೆ ಸೇರಲು ನಾಲ್ಕು ಕನ್ನಡದ ಮನೆಗಳಿವೆ. ಅಲ್ಲಿ ಮಲೇರಿಯಾ ಅಂತಾರೆ, ಊರೊಳಗಿನ ನದಿಯಲ್ಲೇ ಮೊಸಳೆ ಇವೆ ಅಂತಾರೆ. ಯೋಚನೆಯಲ್ಲಿ ರಾತ್ರಿ ನಿದ್ದೆ ಬರುತ್ತಿಲ್ಲ. ಎಲ್ಲರೂ ಹೋಗುವುದಾ, ಅಥವಾ ನಾನು ಮಕ್ಕಳ ಜೊತೆ ಇಲ್ಲೇ ಉಳಿಯುವುದಾ? ಅಲ್ಲಿ ಶಾಲೆ ಹೇಗಿದೆ? ಮಕ್ಕಳ ಕನ್ನಡ ಉಳಿಯುತ್ತದಾ? ಅಲ್ಲಿದ್ದವರು ದಯವಿಟ್ಟು ಹೇಳಿ.

ನಿವೃತ್ತ ಮೇಷ್ಟ್ರು: ಹೆದರಬೇಡಿ ತಂಗಿ. ಇದು ಮರ್ಯಾದಸ್ಥ ದೇಶ. 1895ರಲ್ಲಿ ಮೂರನೇ ಖಾಮಾ, ಸೆಬೆಲೆ, ಬಥೋಯೆನ್ ಎಂಬ ಮೂವರು ಅರಸರು ಹಡಗು ಹತ್ತಿ ಲಂಡನ್‌ಗೆ ಹೋದರು. ಬ್ರಿಟಿಷ್ ಗಣಿ ಉದ್ಯಮಿ ಸೆಸಿಲ್ ರೋಡ್ಸ್‌ನ ಕಂಪನಿಯ ಕೈಗೆ ನಮ್ಮ ನೆಲ ಕೊಡಬೇಡಿ ಅಂತ ಆಗ ಇಲ್ಲಿ ಆಳುತ್ತಿದ್ದ ಬ್ರಿಟಿಷ್ ಸರ್ಕಾರವನ್ನು ಕೇಳಲು. ಬ್ರಿಟನ್ನಿನ ಊರೂರು ಸುತ್ತಿ ಜನರ ಮನಸ್ಸು ಗೆದ್ದರು. ರೈಲು ದಾರಿಗೆ ಒಂದು ಪಟ್ಟಿ ಜಾಗ ಬಿಟ್ಟುಕೊಟ್ಟು ಉಳಿದದ್ದನ್ನು ಉಳಿಸಿಕೊಂಡರು. 1966ರಲ್ಲಿ ಸ್ವಾತಂತ್ರ್ಯ ಬಂತು, ಮರುವರ್ಷವೇ ಒರಾಪಾದಲ್ಲಿ ವಜ್ರ ಸಿಕ್ಕಿತು. ಅದು ಅಧ್ಯಕ್ಷ ಸೆರೆಟ್ಸೆ ಖಾಮಾ ಅವರ ಸ್ವಂತ ಕುಲದ ನೆಲ. ಆದರೂ ಗಣಿಯ ಹಕ್ಕು ಇಡೀ ದೇಶಕ್ಕೆ ಸೇರಿತು. ಆ ದುಡ್ಡಿನಲ್ಲೇ ಶಾಲೆ, ಆಸ್ಪತ್ರೆ, ರಸ್ತೆ ಬಂದವು. ಗ್ಯಾಬರೋನ್‌ನ ಮೂವರು ಅರಸರ ಪ್ರತಿಮೆಯನ್ನು ಮಗಳಿಗೆ ತೋರಿಸಿದ್ದೀರಾ? ಮೊದಲು ಅದನ್ನು ತೋರಿಸಿ.

ಸಕಲೇಶಪುರದವರು: ಮೇಷ್ಟ್ರೇ, ಅವರು ಕೇಳಿದ್ದು ಮಕ್ಕಳ ಬಗ್ಗೆ. ನಾನು ಉತ್ತರದ ಕಸಾನೆಯಲ್ಲಿದ್ದವನು, ಅಲ್ಲಿ ಆನೆ ಊರೊಳಗೇ ಬರುತ್ತವೆ. ನಮ್ಮ ಕರ್ನಾಟಕದಲ್ಲಿ 6 ಸಾವಿರ ಚಿಲ್ಲರೆ ಆನೆ ಇವೆ, ಅಷ್ಟಕ್ಕೇ ನಮ್ಮ ಕಡೆ ತೋಟದವರ ಪಾಡು ನೋಡಿದ್ದೇವೆ. ಬೋಟ್ಸ್ವಾನಾದಲ್ಲಿ ಸುಮಾರು 1,30,000! ಆನೆ ಬೇಟೆಯನ್ನು 2014ರಲ್ಲಿ ನಿಲ್ಲಿಸಿದ್ದರು, 2019ರಲ್ಲಿ ಮತ್ತೆ ಬಿಟ್ಟರು. ಹೊರಗಿನವರು ಬೈದರು. ಬೆಳೆ ಕಳಕೊಂಡ ರೈತನ ಮಾತು ಯಾರೂ ಕೇಳಲಿಲ್ಲ. ನಮ್ಮ ತಂದೆ ಇದ್ದಿದ್ದರೆ ಆ ರೈತನ ಪಕ್ಕ ನಿಲ್ಲುತ್ತಿದ್ದರು. ತೋಟ ಮಾರಿ ಇಷ್ಟು ದೂರ ಬಂದೆವು, ಇಲ್ಲಿಯೂ ಅದೇ ಗೋಳು ಕಂಡು ಮನಸ್ಸು ಕಲಕಿತು.

ಮವೂನ್ ನರ್ಸ್: ಅಕ್ಕಾ, ನಾನು ಮವೂನ್‌ನಲ್ಲೇ ಕೆಲಸ ಮಾಡಿದ್ದೇನೆ. ಮಲೇರಿಯಾ ನಿಜ. ಗ್ಯಾಬರೋನ್‌ನಲ್ಲಿ ಆ ಚಿಂತೆ ಅಷ್ಟಿಲ್ಲ, ಉತ್ತರದಲ್ಲಿ ಇದೆ. ಮಳೆ ಶುರುವಾದ ಮೇಲೆ, ನವೆಂಬರ್‌ನಿಂದ ಮೇವರೆಗೆ, ಜಾಸ್ತಿ ಜಾಗ್ರತೆ ಬೇಕು. ಸೊಳ್ಳೆ ಪರದೆ, ಸಂಜೆ ಮೈ ಮುಚ್ಚುವ ಬಟ್ಟೆ. ಜ್ವರ ಬಂದರೆ ಅವತ್ತೇ ರಕ್ತ ಪರೀಕ್ಷೆ ಮಾಡಿಸಿ, ಮನೆಯಲ್ಲಿ ಮಾತ್ರೆ ಕೊಟ್ಟು ಕಾಯಬೇಡಿ. ಮಲೇರಿಯಾ ಬಾರದಂತೆ ಮೊದಲೇ ನುಂಗುವ ಮಾತ್ರೆಯ ಬಗ್ಗೆ ಡಾಕ್ಟರ್ ಹತ್ತಿರ ಕೇಳಿ. ಥಮಲಕಾನೆ ನದಿಯಲ್ಲಿ ಮೊಸಳೆ, ನೀರಾನೆ ಎರಡೂ ಇವೆ. ಮಕ್ಕಳನ್ನು ದಡಕ್ಕೆ ಒಂಟಿಯಾಗಿ ಬಿಡಲೇಬೇಡಿ. ನೀರಿಗಿಳಿದರೆ ಬಿಲ್ಹಾರ್ಜಿಯಾ ಎಂಬ ಹುಳದ ಕಾಯಿಲೆಯೂ ಅಂಟಬಹುದು. ಖಾಸಗಿ ಇಂಗ್ಲಿಷ್ ಶಾಲೆ ಇದೆ. ಶಾಲೆಯ ವರ್ಷ ಜನವರಿಗೆ ಶುರು, ಸೀಟು ಈಗಲೇ ಕೇಳಿ.

ಇನ್ನೊಂದು ಮಾತು. ಮಕ್ಕಳಿಗೆ ಅಂಥ ಊರು ಬೇರೆಲ್ಲೂ ಸಿಗದು. ಜನವರಿ, ಫೆಬ್ರವರಿಯಲ್ಲಿ ಅಂಗೋಲಾದ ಎತ್ತರದ ನಾಡಲ್ಲಿ ಸುರಿದ ಮಳೆ ತಿಂಗಳುಗಟ್ಟಲೆ ಹರಿದು, ಇಲ್ಲಿ ಹನಿ ಮಳೆಯಿಲ್ಲದ ಜೂನ್, ಜುಲೈನಲ್ಲಿ ಮವೂನ್ ಮುಟ್ಟುತ್ತದೆ. ಒಣ ನದಿಯಲ್ಲಿ ನೀರು ಬರುವುದನ್ನು ನೋಡಲು ಜನ ಹೋಗಿ ನಿಲ್ಲುತ್ತಾರೆ. ಓಕವಾಂಗೊ ನದಿಯ ಆ ನೀರು ಸಮುದ್ರ ಸೇರುವುದೇ ಇಲ್ಲ. ಕಲಹಾರಿ ಮರಳಲ್ಲಿ ಇಂಗುತ್ತದೆ, ಬಿಸಿಲಿಗೆ ಆರುತ್ತದೆ. ಆ ನೀರು ಹರಡುವ ಜಾಗದ ಎಷ್ಟೋ ದ್ವೀಪಗಳು ಶುರುವಾದದ್ದು ಗೆದ್ದಲ ಹುತ್ತದಿಂದ. ಮಗಳಿಗೆ ಹೇಳಿ, ಕಣ್ಣರಳಿಸುತ್ತಾಳೆ.

ಸಿದ್ದಾಪುರದ ಹುಡುಗ: ಒಂದು ಮಾತು ನೇರವಾಗಿ ಹೇಳುತ್ತೇನೆ. ನಾವೆಲ್ಲ ಇಲ್ಲಿ ಗೋಡೆ ಕಟ್ಟಿಕೊಂಡು ಬದುಕುತ್ತೇವೆ. ಸಾರಿನ ಪುಡಿ ಸಿಗುತ್ತಾ, ಕನ್ನಡ ಉಳಿಯುತ್ತಾ, ಇಷ್ಟೇ ಚಿಂತೆ. ಮಕ್ಕಳಿಗೆ ಮೊದಲು ಇಲ್ಲಿನ ಜನರ ಭಾಷೆ ಸೆಟ್ಸ್ವಾನಾ ಕಲಿಸಿ. ಮೇಷ್ಟ್ರು ಈ ದೇಶದ ಕಥೆಯ ಒಳ್ಳೆಯ ಭಾಗ ಮಾತ್ರ ಹೇಳಿದರು. ಈ ನೆಲದಲ್ಲಿ ಸಾವಿರಾರು ವರ್ಷದಿಂದ ಇರುವವರು ಸಾನ್ ಎಂಬ ಆದಿವಾಸಿ ಜನ. ತ್ಸೋಡಿಲೋ ಬೆಟ್ಟದಲ್ಲಿ 4,500ಕ್ಕೂ ಹೆಚ್ಚು ಬಂಡೆ ಚಿತ್ರಗಳಿವೆ. 1961ರಲ್ಲಿ ಸೆಂಟ್ರಲ್ ಕಲಹಾರಿ ರಕ್ಷಿತಾರಣ್ಯ ಮಾಡಿದಾಗ ಅವರು ಅಲ್ಲೇ ಇರಬಹುದು ಅಂತ ಇತ್ತು. 1997 ಮತ್ತು 2002ರಲ್ಲಿ ಅವರನ್ನು ಅಲ್ಲಿಂದ ಹೊರಗೆ ಹಾಕಿದರು. ಅವರು ಕೋರ್ಟಿಗೆ ಹೋದರು, 2006ರಲ್ಲಿ ಗೆದ್ದರು. ನಾಗರಹೊಳೆಯಿಂದ ಜೇನು ಕುರುಬರನ್ನು ಎಬ್ಬಿಸಿದ್ದು ಮರೆತಿದ್ದೀರಾ? ಅದೇ ಕಥೆ ಇಲ್ಲೂ. ನಮ್ಮ ಮಕ್ಕಳಿಗೆ ಇದು ಗೊತ್ತಿರಬೇಕು. ಅವರು ಉಸಿರಾಡುವುದು ಈ ನೆಲದ ಗಾಳಿ.

ನಿವೃತ್ತ ಮೇಷ್ಟ್ರು: ತಮ್ಮಾ, ನಾನು ಏನನ್ನೂ ಮುಚ್ಚಿಡಲಿಲ್ಲ. ಆ ತೀರ್ಪು ಕೊಟ್ಟಿದ್ದೂ ಇದೇ ದೇಶದ ಕೋರ್ಟು. ಅದನ್ನೂ ಮಕ್ಕಳಿಗೆ ಹೇಳಬೇಕಲ್ವಾ?

ಸಿದ್ದಾಪುರದ ಹುಡುಗ: ಗೆದ್ದ ಮೇಲೂ ಒಳಗಿನ ಬೋರ್‌ವೆಲ್ ನೀರಿಗೆ ಮತ್ತೆ ಕೋರ್ಟಿಗೆ ಅಲೆದರು. 2011ರಲ್ಲಿ ಆ ಹಕ್ಕು ಸಿಕ್ಕಿತು. ಕಲಹಾರಿಯಲ್ಲಿ ನೀರಿಲ್ಲದೆ ಮನೆ ಎಲ್ಲಿಂದ?

ದಾವಣಗೆರೆ ಅಜ್ಜಿ: ಇಬ್ಬರ ಮಾತೂ ಸರಿ ಇದೆ, ಆದರೆ ಸೆಟ್ಸ್ವಾನಾ ಮೊದಲು, ಕನ್ನಡ ಆಮೇಲೆ ಅನ್ನಬೇಡಪ್ಪ. ನನ್ನ ಮೊಮ್ಮಗ ಕನ್ನಡ ಅರ್ಥ ಮಾಡಿಕೊಳ್ಳುತ್ತಾನೆ, ತಿರುಗಿ ಮಾತಾಡುವುದಿಲ್ಲ. ಫೋನಿನಲ್ಲಿ ಅವನು ಸುಮ್ನೆ ಕೂತಾಗ ಆಗುವ ಸಂಕಟ ನನಗೇ ಗೊತ್ತು. ಮನೆಯಲ್ಲಿ ಕನ್ನಡ ಬಿಡಬೇಡಮ್ಮಾ. ಊಟದ ಹೊತ್ತಲ್ಲಾದರೂ ಮಾತಾಡಿ.

ಮೈಸೂರಿನ ಅಮ್ಮ: ಎಲ್ಲರಿಗೂ ವಂದನೆ. ನರ್ಸ್ ತಂಗಿ, ಮಲೇರಿಯಾ ಮಾತ್ರೆ ಚಿಕ್ಕ ಮಕ್ಕಳಿಗೆ ವರ್ಷವಿಡೀ ಕೊಡಬೇಕಾ?

ಸಕಲೇಶಪುರದವರು: ಸಿದ್ದಾಪುರದವರೇ, ಕಾಡಲ್ಲಿ ಜನ ಇದ್ದರೆ ಕಾಡು ಉಳಿಯುತ್ತದಾ ಅನ್ನುವ ಪ್ರಶ್ನೆಗೂ ಉತ್ತರ ಕೊಡಿ.

ಸಿದ್ದಾಪುರದ ಹುಡುಗ: ಕಾಡನ್ನು ಇಷ್ಟು ಕಾಲ ಉಳಿಸಿದ್ದು ಯಾರು? ಅಷ್ಟು ಹೇಳಿ ಸಾಕು. ಸಾನ್ ಜನ ಅಲ್ಲಿದ್ದಾಗಲೂ ಪ್ರಾಣಿಗಳಿದ್ದವು. ಬೇಲಿ ಬಂದ ಮೇಲೆ ಸತ್ತವು.

ಲೋಬಾಟ್ಸೆ ಪಶುವೈದ್ಯ: ಬೇಲಿಯ ಮಾತು ಬಂದಿದ್ದಕ್ಕೆ ಹೇಳುತ್ತೇನೆ. 1950ರ ದಶಕದಿಂದ ಕಾಲುಬಾಯಿ ರೋಗ ತಡೆಯಲು ಇಲ್ಲಿ ನೂರಾರು ಕಿಲೋಮೀಟರ್ ತಂತಿ ಬೇಲಿ ಹಾಕಿದರು. ಯುರೋಪಿಗೆ ದನದ ಮಾಂಸ ಮಾರಬೇಕಿದ್ದರೆ ರೋಗ ಇರಬಾರದು. 1980ರ ದಶಕದ ಬರದಲ್ಲಿ ನೀರು ಹುಡುಕಿ ಹೊರಟ ಸಾವಿರಾರು ವೈಲ್ಡ್‌ಬೀಸ್ಟ್ ಎಂಬ ಕಾಡುಪ್ರಾಣಿಗಳು ಕೂಕೆ ಎಂಬ ಬೇಲಿಗೆ ಸಿಕ್ಕಿ ಸತ್ತವು. ದನ ಸಾಕಿದವರ ಬದುಕೂ ಅದೇ ಬೇಲಿಯ ಮೇಲೆ ನಿಂತಿದೆ. ನನ್ನ ವೃತ್ತಿ ಆ ಬೇಲಿಯ ಪರ, ನನ್ನ ಮನಸ್ಸು ಎರಡೂ ಕಡೆ.

ಅಮ್ಮಾ, ನೀವು ಮವೂನ್ ದಾರಿಯಲ್ಲಿ ಹೋದರೆ ಬೇಲಿಯ ಗೇಟುಗಳು ಬರುತ್ತವೆ. ಅಲ್ಲಿ ಕಾರಿನ ಟೈರಿಗೆ, ಚಪ್ಪಲಿಗೆ ಔಷಧಿ ನೀರು ಹಾಕಿಸುತ್ತಾರೆ. ವಾಪಸ್ ಬರುವಾಗ ಹಸಿ ಮಾಂಸ ತರಬೇಡಿ, ತೆಗೆದುಕೊಳ್ಳುತ್ತಾರೆ. ಬೆಳಕಿರುವಾಗಲೇ ಓಡಿಸಿ, ಕತ್ತಲಾದರೆ ರಸ್ತೆ ಮೇಲೆ ಕತ್ತೆ, ದನ ನಿಂತಿರುತ್ತವೆ.