ರಾತ್ರಿ ಊಟದ ನಂತರ ಕುಡಿಯಲು ಹೂವಿನ ಕಷಾಯ: ಯಾವ ಹೂವು, ಯಾವ ವಿಧಾನ?

ಪ್ರಶ್ನೆ: ಸಂಜೆಕಾಫಿ, ಮೈಸೂರು

ನಮ್ಮ ಮನೆಯಲ್ಲಿ ಸಂಜೆ ಆರೂವರೆಗೆ ಒಮ್ಮೆ, ರಾತ್ರಿ ಊಟವಾದ ಮೇಲೆ ಅರ್ಧ ಲೋಟ ಇನ್ನೊಮ್ಮೆ ಫಿಲ್ಟರ್ ಕಾಫಿ ಕುಡಿಯುವುದು ತಾತನ ಕಾಲದಿಂದ ನಡೆದು ಬಂದ ಪದ್ಧತಿ. 72 ವರ್ಷದ ನನ್ನ ತಾಯಿಯವರಿಗೆ ಈಚೆಗೆ ರಾತ್ರಿ ಒಂದು ಗಂಟೆಯಾದರೂ ನಿದ್ರೆ ಹತ್ತುತ್ತಿಲ್ಲವಾದ್ದರಿಂದ, ಮಧ್ಯಾಹ್ನದ ಮೇಲೆ ಕಾಫಿ, ಚಹಾ ಎರಡನ್ನೂ ಬಿಡುವಂತೆ ವೈದ್ಯರು ಹೇಳಿದ್ದಾರೆ. ಕಾಫಿ ಬಿಡಲು ಅಮ್ಮ ಒಪ್ಪಿದ್ದಾರೆ. ಆ ಹೊತ್ತಿಗೆ ಕೈಯಲ್ಲೊಂದು ಬಿಸಿ ಲೋಟ ಇಲ್ಲದಿರುವುದಕ್ಕೆ ಮಾತ್ರ ಒಪ್ಪಿಲ್ಲ. ಹೂವೆಂದರೆ ಅವರಿಗೆ ಪ್ರಾಣ. ಹೀಗಾಗಿ ಹೂವಿನಿಂದಲೇ ಏನಾದರೂ ಮಾಡಿಕೊಡೋಣವೆಂದು ಹೊರಟು ಮೂರು ಬಾರಿ ಸೋತಿದ್ದೇನೆ.

ಮೊದಲನೆಯದಾಗಿ, ಅಂಗಡಿಯಿಂದ ‘ಮಲ್ಲಿಗೆ ಟೀ’ ಎಂದು ಬರೆದ ಪೊಟ್ಟಣ ತಂದೆ. ಪರಿಮಳವೇನೋ ಚೆನ್ನಾಗಿತ್ತು, ಆದರೆ ನಿದ್ರೆ ಮತ್ತಷ್ಟು ದೂರವಾಯಿತು. ಪೊಟ್ಟಣದ ಹಿಂಬದಿಯ ಸಣ್ಣ ಅಕ್ಷರಗಳನ್ನು ಭೂತಗನ್ನಡಿ ಹಿಡಿದು ಓದಿದಾಗ, ಅದು ಮಲ್ಲಿಗೆಯ ಪರಿಮಳ ಹಿಡಿಸಿದ ಗ್ರೀನ್ ಟೀ ಎಂದು ತಿಳಿಯಿತು. ಎರಡನೆಯ ಬಾರಿ ಹಿತ್ತಲಿನ ಕೆಂಪು ದಾಸವಾಳದ ಎಸಳುಗಳನ್ನು ಹತ್ತು ನಿಮಿಷ ಕುದಿಸಿದೆ. ಬೂದಿ ಬೆರೆತ ನೇರಳೆ ಬಣ್ಣದ ಲೋಳೆ ನೀರು ಸಿದ್ಧವಾಯಿತು. “ಇದನ್ನು ತಲೆಗೆ ಹಚ್ಚಿಕೊಳ್ಳುತ್ತೇನೆ, ಕುಡಿಯುವುದಕ್ಕೆ ಬೇರೆ ಕೊಡು” ಎಂದರು ಅಮ್ಮ. ಮೂರನೆಯದಾಗಿ ಗುಲಾಬಿ ಎಸಳುಗಳನ್ನು ತಾರಸಿಯ ಬಿಸಿಲಿನಲ್ಲಿ ಒಂದು ದಿನ ಒಣಗಿಸಿ ಡಬ್ಬಿಗೆ ತುಂಬಿಟ್ಟೆ. ವಾರದೊಳಗೆ ಬೂಷ್ಟು ಹಿಡಿಯಿತು.

ಯಾವ ಹೂವನ್ನು ಬಳಸಬಹುದು, ಬಣ್ಣದ ಬಿಸಿನೀರಿಗಿಂತ ಮೇಲಾದ ರುಚಿ ಬರುವಂತೆ ಹೇಗೆ ಮಾಡಬೇಕು, ಒಣಗಿಸುವ ಕ್ರಮವೇನು ಎಂಬುದನ್ನು ಅನುಭವಸ್ಥರು ದಯವಿಟ್ಟು ತಿಳಿಸಬೇಕು. ಅಮ್ಮ ರಕ್ತದೊತ್ತಡಕ್ಕೆ ದಿನವೂ ಮಾತ್ರೆ ತೆಗೆದುಕೊಳ್ಳುತ್ತಾರೆ ಎಂಬುದನ್ನೂ ಗಮನಕ್ಕೆ ತರುತ್ತೇನೆ.

ಉತ್ತರ: ಕಷಾಯದ ಮನೆ, ಶಿರಸಿ

ತಾವು ಸೋತಿರುವುದು ಹೂವಿನಲ್ಲಲ್ಲ, ಹೂವಿನಿಂದ ಎಲ್ಲವನ್ನೂ ನಿರೀಕ್ಷಿಸಿದ್ದರಲ್ಲಿ. ಹೂವು ಬಣ್ಣ ಕೊಡುತ್ತದೆ, ಪರಿಮಳ ಕೊಡುತ್ತದೆ. ನಾಲಿಗೆಯ ಮೇಲೆ ನಿಲ್ಲುವ ‘ಮೈ’ಯನ್ನು ಕೊಡುವುದಿಲ್ಲ. ಅದಕ್ಕೆ ತಳಹದಿಯಾಗಿ ಬೇರೊಂದು ಬೇಕು, ಮತ್ತು ಆ ತಳಹದಿ ನಮ್ಮ ಮಲೆನಾಡಿನ ಮನೆಗಳಲ್ಲಿ ಮೊದಲಿನಿಂದಲೂ ಇದೆ. ನಾವು ಅದನ್ನು ಚಹಾ ಎಂದು ಕರೆಯದೆ ಕಷಾಯ ಎನ್ನುತ್ತೇವೆ, ಅಷ್ಟೇ ವ್ಯತ್ಯಾಸ.

ಒಂದು ಬಟ್ಟಲು ಕೊತ್ತಂಬರಿ ಬೀಜ, ಅರ್ಧ ಬಟ್ಟಲು ಜೀರಿಗೆ, ಕಾಲು ಬಟ್ಟಲು ಬಡೇಸೋಂಪು, ಒಂದು ಚಮಚ ಮೆಂತ್ಯ, ಐದಾರು ಏಲಕ್ಕಿ. ಏಲಕ್ಕಿಯನ್ನು ಬಿಟ್ಟು ಉಳಿದವನ್ನು ಸಣ್ಣ ಉರಿಯಲ್ಲಿ ಬೇರೆ ಬೇರೆಯಾಗಿ, ಕೊತ್ತಂಬರಿಯ ಘಮ ಏಳುವವರೆಗೆ ಮಾತ್ರ ಹುರಿದು, ತಣಿದ ಮೇಲೆ ಏಲಕ್ಕಿ ಸೇರಿಸಿ ತರಿತರಿಯಾಗಿ ಪುಡಿ ಮಾಡಿಟ್ಟುಕೊಳ್ಳಿ. ಮಳೆಗಾಲದ ಕಷಾಯಕ್ಕೆ ಹಾಕುವ ಕಾಳುಮೆಣಸು, ಒಣಶುಂಠಿಗಳನ್ನು ರಾತ್ರಿಯ ಕಷಾಯಕ್ಕೆ ನಾನು ಹಾಕುವುದಿಲ್ಲ. ಮಲಗುವ ಹೊತ್ತಿಗೆ ಎದೆಯುರಿ ಯಾರಿಗೆ ಬೇಕು? ಒಂದೂವರೆ ಲೋಟ ನೀರಿಗೆ ಒಂದು ಚಮಚ ಪುಡಿ ಹಾಕಿ, ನೀರು ಒಂದು ಲೋಟಕ್ಕೆ ಇಳಿಯುವವರೆಗೆ ಕುದಿಸಿ.

ಇನ್ನು ಹೂವಿನ ಸರದಿ. ಬೀಜವನ್ನು ಕುದಿಸಬೇಕು, ಹೂವನ್ನು ಕುದಿಸಬಾರದು. ಒಲೆ ಆರಿಸಿದ ಮೇಲೆ ಒಂದು ಹಿಡಿ ತಾಜಾ ಗುಲಾಬಿ ಎಸಳನ್ನೋ, ಒಣಗಿದ್ದಾದರೆ ಅದರ ಮೂರನೆಯ ಒಂದು ಪಾಲನ್ನೋ ಹಾಕಿ, ತಟ್ಟೆ ಮುಚ್ಚಿ ಐದು ನಿಮಿಷ ಬಿಡಿ. ಪರಿಮಳವೆಂಬುದು ಆವಿಯ ಜೊತೆ ಹಾರಿಹೋಗುವ ಎಣ್ಣೆಯಾದ್ದರಿಂದ ಆ ತಟ್ಟೆಯನ್ನು ಮರೆಯಬಾರದು. ತೆಗೆದಾಗ ತಟ್ಟೆಯ ಒಳಮೈಗೆ ಅಂಟಿದ ಹನಿಗಳನ್ನೂ ಪಾತ್ರೆಗೇ ಕೊಡವಿ. ಗುಲಾಬಿಯೆಂದರೆ ಹೂಗುಚ್ಛದ ಅಂಗಡಿಯ ಉದ್ದ ತೊಟ್ಟಿನ ಗುಲಾಬಿಯಲ್ಲ, ಮನೆಯಲ್ಲಿ ಬೆಳೆದ ಪನ್ನೀರು ಗುಲಾಬಿ. ಅಂಗಡಿಯ ಗುಲಾಬಿಗೆ ಪರಿಮಳವೂ ಕಡಿಮೆ, ಸಿಂಪಡಿಸಿದ ಔಷಧಿಯೂ ಹೆಚ್ಚು.

ದಾಸವಾಳವನ್ನೂ ಕೈಬಿಡಬೇಡಿ. ಒಂಟಿ ಸುತ್ತಿನ ಕೆಂಪು ದಾಸವಾಳದ ತೊಟ್ಟು, ಹಸಿರು ಭಾಗ, ನಡುವಿನ ಕೇಸರದ ಕಡ್ಡಿ ಎಲ್ಲವನ್ನೂ ತೆಗೆದು, ನಾಲ್ಕೈದು ಹೂವಿನ ಎಸಳುಗಳ ಮೇಲೆ ಕುದಿದ ನೀರು ಸುರಿದು, ಎರಡೇ ನಿಮಿಷಕ್ಕೆ ಸೋಸಿಬಿಡಿ. ಹೆಚ್ಚು ಹೊತ್ತು ಬಿಟ್ಟರೆ ಲೋಳೆ ಇಳಿಯುತ್ತದೆ. ತಮ್ಮ ಹತ್ತು ನಿಮಿಷದ ಕುದಿಯಲ್ಲಿ ಆದದ್ದು ಅದೇ. ಸೋಸಿದ ನೀರಿಗೆ ಅರ್ಧ ಹೋಳು ನಿಂಬೆಹಣ್ಣು ಹಿಂಡಿದರೆ ಆ ಮಂಕು ನೇರಳೆ ಕಣ್ಣೆದುರೇ ಕೆಂಪಾಗುತ್ತದೆ. ಹೂವಿನ ಬಣ್ಣದ ದ್ರವ್ಯ ಹುಳಿ ಸೋಕಿದೊಡನೆ ಬಣ್ಣ ಬದಲಿಸುವುದೇ ಇದಕ್ಕೆ ಕಾರಣ. ಶಂಖಪುಷ್ಪದ ನೀಲಿಯೂ ನಿಂಬೆಗೆ ಹೀಗೆಯೇ ನೇರಳೆಯಾಗುತ್ತದೆ. ಆದರೆ ಅದಕ್ಕೆ ರುಚಿ ಎಂಬುದು ಇಲ್ಲವೇ ಇಲ್ಲ, ಮೊಮ್ಮಕ್ಕಳಿಗೆ ತೋರಿಸಲು ಚೆನ್ನ.

ಒಣಗಿಸುವುದು ನೆರಳಿನಲ್ಲಿ. ಬೆಳಗ್ಗೆ ಇಬ್ಬನಿ ಆರಿದ ಮೇಲೆ ಕೊಯ್ದು, ಎಸಳು ಬಿಡಿಸಿ, ಬಿದಿರಿನ ಮೊರದಲ್ಲಿ ಹತ್ತಿ ಬಟ್ಟೆ ಹಾಸಿ ಒಂದರ ಮೇಲೊಂದು ಬೀಳದಂತೆ ಹರಡಿ, ಗಾಳಿಯಾಡುವ ಕೋಣೆಯಲ್ಲಿಡಿ. ಬಿಸಿಲಿಗಿಟ್ಟರೆ ಬಣ್ಣವೂ ಪರಿಮಳವೂ ಹೋಗುತ್ತವೆ, ಮೇಲೆ ಒಣಗಿದಂತೆ ಕಂಡರೂ ಎಸಳಿನ ಬುಡದಲ್ಲಿ ಪಸೆ ಉಳಿಯುತ್ತದೆ. ಬೆರಳಲ್ಲಿ ಹಿಡಿದರೆ ಹಪ್ಪಳದಂತೆ ಮುರಿಯಬೇಕು. ಬಾಗಿದರೆ ಇನ್ನೂ ಆಗಿಲ್ಲ. ನಮ್ಮ ಕಡೆ ಮಳೆಗಾಲದಲ್ಲಿ ಈ ಕೆಲಸಕ್ಕೆ ನಾನು ಕೈಯನ್ನೇ ಹಾಕುವುದಿಲ್ಲ.

ಉತ್ತರ: ಬಿಸಿಲ ನಾಡಿನವ, ರಾಯಚೂರು

ಶಿರಸಿಯ ಅಕ್ಕನವರು ಹೇಳಿದ್ದೆಲ್ಲ ಸರಿಯೇ, ಆದರೆ ರುಚಿ ಬೇಕೆನ್ನುವವರು ಹಿತ್ತಲ ದಾಸವಾಳದ ಬದಲು ಅದರ ಹೊಲದ ಬಂಧುವನ್ನು ಹುಡುಕುವುದು ಮೇಲು. ನಮ್ಮಲ್ಲಿ ರೊಟ್ಟಿಯ ಜೊತೆ ತಿನ್ನುವ ಪುಂಡಿ ಪಲ್ಲೆಯ ಗಿಡವೂ ದಾಸವಾಳದ ಜಾತಿಯದೇ. ಹೂವು ಬಾಡಿ ಉದುರಿದ ಮೇಲೆ ಕಾಯಿಯ ಸುತ್ತ ಉಳಿಯುವ ಕೆಂಪು, ಮಾಂಸಲವಾದ ಪುಷ್ಪಪಾತ್ರೆಯನ್ನು ಒಣಗಿಸಿ ಬಿಸಿನೀರಿನಲ್ಲಿ ನೆನೆಸಿದರೆ, ಹುಣಸೆಹಣ್ಣಿಗಿಂತ ನಯವಾದ ಹುಳಿಯ, ದಾಳಿಂಬೆ ಬಣ್ಣದ ಪಾನೀಯವಾಗುತ್ತದೆ. ಈಜಿಪ್ಟ್, ಸುಡಾನ್‌ಗಳಲ್ಲಿ ಕರ್ಕಡೆ ಎಂದೂ ಸೆನೆಗಲ್‌ನಲ್ಲಿ ಬಿಸಾಪ್ ಎಂದೂ ಜನ ಕುಡಿಯುವುದು ಇದನ್ನೇ. ಪೇಟೆಯಲ್ಲಿ ‘ಹೈಬಿಸ್ಕಸ್ ಟೀ’ ಎಂದು ದುಬಾರಿ ಬೆಲೆಗೆ ಮಾರುವ ಪೊಟ್ಟಣದೊಳಗೆ ಇರುವುದೂ ಬಹುಮಟ್ಟಿಗೆ ಇದೇ. ನಮ್ಮ ಹೊಲದ ಬದುವಿನಲ್ಲಿ ಅದು ಬಿದ್ದು ಹೋಗುವುದನ್ನು ನೋಡಿದವರಿಗೆ ಆ ಬೆಲೆ ಓದಿದಾಗ ನಗು ಬರುತ್ತದೆ.

ಒಂದು ಎಚ್ಚರಿಕೆ ಇದೆ. ನಾರಿಗಾಗಿ ಬೆಳೆಯುವ ತಳಿಗಳಲ್ಲಿ ಈ ಪಾತ್ರೆ ತೆಳುವಾಗಿರುವುದರಿಂದ ಬಣ್ಣವೂ ಹುಳಿಯೂ ಸಾಲುವುದಿಲ್ಲ. ದಪ್ಪ ಪಾತ್ರೆಯ ಕೆಂಪು ತಳಿಯ ಬೀಜವನ್ನೇ ಕೇಳಿ ಪಡೆಯಬೇಕು. ಮುಂಗಾರಿನಲ್ಲಿ ಬಿತ್ತಿದ ಗಿಡ, ಹಗಲು ಕಿರಿದಾದ ಮೇಲಷ್ಟೇ ಹೂಬಿಡುತ್ತದೆ. ದೊಡ್ಡ ಕುಂಡದಲ್ಲೂ ಬೆಳೆಯುತ್ತದೆ. ಒಳಗಿನ ಬೀಜದ ಕಾಯಿಯನ್ನು ಬಿಡಿಸಿ ತೆಗೆದು, ಪಾತ್ರೆಯನ್ನು ಮಾತ್ರ ಒಣಗಿಸಿ. ಒಂದು ಲೋಟಕ್ಕೆ ಆರೇಳು ಒಣ ಪುಷ್ಪಪಾತ್ರೆಗಳು ಸಾಕು, ಇವು ಗಟ್ಟಿಯಾಗಿರುವುದರಿಂದ ಏಳೆಂಟು ನಿಮಿಷ ನೆನೆಯಲಿ. ಹುಳಿಯಾದ್ದರಿಂದ ಅಲ್ಯೂಮಿನಿಯಂ ಪಾತ್ರೆ ಬೇಡ, ಸ್ಟೀಲ್ ಅಥವಾ ಗಾಜು ಇರಲಿ. ಹಾಲು ಬೆರೆಸಿದರೆ ಒಡೆಯುತ್ತದೆ. ಬೆಲ್ಲ ಹೊಂದುತ್ತದೆ.

ಉತ್ತರ: ಅಳತೆಗೋಲು, ಬೆಂಗಳೂರು

ಔಷಧದಂಗಡಿಯ ಗಲ್ಲಾದ ಹಿಂದೆ ಮೂವತ್ತು ವರ್ಷ ನಿಂತವನಾಗಿ, ರುಚಿಯ ಮಾತನ್ನು ಮೇಲಿನವರಿಗೆ ಬಿಟ್ಟು ಉಳಿದದ್ದನ್ನು ಹೇಳುತ್ತೇನೆ.

ಪುಂಡಿಯ ಕೆಂಪು ಪಾನೀಯ ರಕ್ತದೊತ್ತಡವನ್ನು ಸ್ವಲ್ಪ ಇಳಿಸುತ್ತದೆ ಎಂಬುದು ಮನುಷ್ಯರ ಮೇಲಿನ ಪ್ರಯೋಗಗಳಲ್ಲೇ ಕಂಡಿರುವ ಸಂಗತಿ. ಕೇಳಲು ಹಿತವಾಗಿದ್ದರೂ, ಅದಕ್ಕಾಗಿಯೇ ಮಾತ್ರೆ ನುಂಗುತ್ತಿರುವವರಿಗೆ ಇದು ಮಾತ್ರೆಯ ಮೇಲೊಂದು ಮಾತ್ರೆಯಾಗಬಹುದು. ರಾತ್ರಿ ಎದ್ದಾಗ ತಲೆಸುತ್ತಿ ಬೀಳುವ ಅಪಾಯ 72ರ ವಯಸ್ಸಿನಲ್ಲಿ ಸಣ್ಣದಲ್ಲ. ಆದ್ದರಿಂದ ವೈದ್ಯರಿಗೆ ತಿಳಿಸದೆ ಇದನ್ನು ದಿನನಿತ್ಯದ ರೂಢಿ ಮಾಡಬೇಡಿ. ಗರ್ಭಿಣಿಯರು ಯಾವ ದಾಸವಾಳದ ಕಷಾಯವನ್ನೂ ಕುಡಿಯದಿರುವುದು ಕ್ಷೇಮ. ಸಿಹಿಗಾಗಿ ಹಲವರು ಅತಿಮಧುರದ ಬೇರನ್ನು ಹಾಕುವುದುಂಟು; ಅದು ತದ್ವಿರುದ್ಧವಾಗಿ ರಕ್ತದೊತ್ತಡವನ್ನು ಏರಿಸುತ್ತದೆ, ದೇಹದ ಪೊಟ್ಯಾಸಿಯಂ ಅಂಶವನ್ನು ಇಳಿಸುತ್ತದೆ. ತಮ್ಮ ಮನೆಗೆ ಅದು ಬೇಡವೇ ಬೇಡ.

ನಿದ್ರೆಯ ಮಾತು ಬಂದಾಗ ಕ್ಯಾಮೊಮೈಲ್ ಹೆಸರು ಬಂದೇ ಬರುತ್ತದೆ. ಹಳದಿ ಗುಂಡಿಯ ಸುತ್ತ ಬಿಳಿ ಎಸಳಿರುವ ಈ ಯುರೋಪಿನ ಹೂವಿನ ಹೆಸರಿಗೆ ಗ್ರೀಕ್ ಮೂಲದಲ್ಲಿ ‘ನೆಲದ ಸೇಬು’ ಎಂಬ ಅರ್ಥ. ಹೊಸದಾಗಿ ಒಣಗಿದ್ದಾದರೆ ನಿಜಕ್ಕೂ ಸೇಬಿನ ವಾಸನೆ ಬರುತ್ತದೆ, ಹಳೆಯದಾದರೆ ಒಣಹುಲ್ಲಿನ ವಾಸನೆ. ನಿದ್ರೆಯ ಮೇಲೆ ಇದರ ಪರಿಣಾಮವನ್ನು ನೋಡಿದ ಪ್ರಯೋಗಗಳು ಚಿಕ್ಕವು, ಫಲಿತಾಂಶಗಳು ಒಂದೇ ತೆರನಾಗಿಲ್ಲ. ಕುಡಿದು ನೋಡಲು ಅಡ್ಡಿಯಿಲ್ಲ, ಎರಡು ವರ್ಗದವರನ್ನು ಬಿಟ್ಟು. ರಕ್ತ ತೆಳುವಾಗಿಸುವ ವಾರ್ಫರಿನ್ ಮಾತ್ರೆ ಸೇವಿಸುವವರು ಮೊದಲನೆಯವರು. ಎರಡನೆಯವರು ಕಾಂಗ್ರೆಸ್ ಗಿಡದ ಅಲರ್ಜಿ ಇರುವವರು: ಕ್ಯಾಮೊಮೈಲ್, ಸೇವಂತಿಗೆ, ಸೂರ್ಯಕಾಂತಿ, ಪಾರ್ಥೇನಿಯಂ ಎಲ್ಲವೂ ಒಂದೇ ಕುಟುಂಬದ ಸಸ್ಯಗಳು, ಒಂದಕ್ಕೆ ಕೆರಳುವ ಮೈ ಇನ್ನೊಂದಕ್ಕೂ ಕೆರಳಬಹುದು.

ಹೂವೆಂಬ ಮಾತ್ರಕ್ಕೆ ಎಲ್ಲವೂ ಸೌಮ್ಯವಲ್ಲ. ಪೂಜೆಯ ಬುಟ್ಟಿಯಲ್ಲಿ ದಾಸವಾಳದ ಪಕ್ಕದಲ್ಲೇ ಇರುವ ಕಣಗಿಲೆ, ಅದು ಕೆಂಪಿರಲಿ ಹಳದಿಯಿರಲಿ, ಹೃದಯದ ಬಡಿತವನ್ನೇ ಏರುಪೇರು ಮಾಡುವ ವಿಷ. ದತ್ತೂರ, ಎಕ್ಕ, ಗೌರಿ ಹೂವುಗಳೂ ವಿಷವೇ. ಬುಟ್ಟಿಯಿಂದ ನೇರವಾಗಿ ಪಾತ್ರೆಗೆ ಹೂವು ಹೋಗದಿರಲಿ.

ಕೊನೆಗೊಂದು ಲೆಕ್ಕ. ಕುಡಿದ ಕೆಫೀನಿನಲ್ಲಿ ಅರ್ಧ ಕರಗಲು ಸಾಮಾನ್ಯವಾಗಿ ಐದು ಗಂಟೆಯಾದರೂ ಬೇಕು. ಆರೂವರೆಯ ಕಾಫಿಯ ಅರ್ಧ ಪಾಲು ಹನ್ನೊಂದೂವರೆಗೂ ಒಳಗೇ ಇರುತ್ತದೆ, ಅದರ ಮೇಲೆ ಊಟದ ನಂತರದ ಅರ್ಧ ಲೋಟ ಬೇರೆ. ನಿದ್ರೆ ಮರಳಿದರೆ ಅದರ ಬಹುಪಾಲು ಶ್ರೇಯಸ್ಸು ಬಿಟ್ಟ ಕಾಫಿಗೆ ಸಲ್ಲಬೇಕು, ಹೂವಿಗಲ್ಲ ಎಂಬುದು ನನ್ನ ಅಭಿಪ್ರಾಯ. ಕಾಫಿಯ ಕಹಿಯೇ ನೆನಪಾಗುತ್ತಿದ್ದರೆ ಬರಿಯ ಚಿಕೋರಿ ಪುಡಿಯ ಡಿಕಾಕ್ಷನ್ ಇಳಿಸಿ ಕೊಡಿ. ಚಿಕೋರಿ ಬೇರಿನಲ್ಲಿ ಕೆಫೀನ್ ಇಲ್ಲ.

ಉತ್ತರ: ಜಾಜಿಪೇಟೆ, ಉಡುಪಿ

ಮಲ್ಲಿಗೆಯ ಬಗ್ಗೆ ಮಾತ್ರ ಎರಡು ಮಾತು. ಮೈಸೂರು, ಉಡುಪಿ, ಹಡಗಲಿ ಮೂರೂ ಮಲ್ಲಿಗೆಗಳಿಗೆ ಭೌಗೋಳಿಕ ಸೂಚ್ಯಂಕದ ಮಾನ್ಯತೆ ಇದೆ ನಿಜ, ಆದರೆ ಅವು ಮುಡಿಯಲು ಬೆಳೆಯುವ ಹೂವುಗಳು. ಮೊಗ್ಗಿನ ಹುಳಕ್ಕೆಂದು ಔಷಧಿ ಸಿಂಪಡಿಸುವುದು ಸಾಮಾನ್ಯವಾದ್ದರಿಂದ ಪೇಟೆಯ ಅಟ್ಟೆಯನ್ನು, ಅಂದರೆ ಕಟ್ಟಿ ಮಾರುವ ಮಲ್ಲಿಗೆಯನ್ನು, ಕುಡಿಯುವ ನೀರಿಗೆ ಹಾಕಬೇಡಿ. ಮನೆಯ ಗಿಡವಿದ್ದರೆ, ಸಂಜೆ ಬಿರಿಯಲಿರುವ ಹತ್ತು ಹನ್ನೆರಡು ಮೊಗ್ಗುಗಳನ್ನು ತೊಳೆದು, ಕುದಿಸಿ ಆರಿಸಿದ ಒಂದು ತಂಬಿಗೆ ನೀರಿನ ಮೇಲೆ ತೇಲಿಬಿಟ್ಟು ಮುಚ್ಚಿಡಿ. ಮಲ್ಲಿಗೆ ಬಿರಿಯುವುದು ಇರುಳಿನಲ್ಲಿ, ಪರಿಮಳ ಬಿಡುವುದೂ ಆಗಲೇ. ಬೆಳಗ್ಗೆ ಹೂ ತೆಗೆದು, ಆ ನೀರನ್ನು ತಣ್ಣಗಿಟ್ಟು, ರಾತ್ರಿ ಕಷಾಯವನ್ನು ಲೋಟಕ್ಕೆ ಬಗ್ಗಿಸಿದ ಮೇಲೆ ಎರಡು ಚಮಚ ಬೆರೆಸಿ. ಆ ನೀರನ್ನು ಕುದಿಸಿದಿರೋ, ಮಲ್ಲಿಗೆ ಹೋಯಿತು.

ಪ್ರಶ್ನೆ ಕೇಳಿದವರಿಂದ: ಸಂಜೆಕಾಫಿ, ಮೈಸೂರು

ಎಲ್ಲರಿಗೂ ಕೃತಜ್ಞತೆಗಳು. ಮೂರು ವಾರಗಳ ನಂತರ ಬರೆಯುತ್ತಿದ್ದೇನೆ. ಪುಂಡಿಯನ್ನು ವೈದ್ಯರು ಸದ್ಯಕ್ಕೆ ಬೇಡವೆಂದರು. ಕೊತ್ತಂಬರಿ-ಜೀರಿಗೆಯ ಪುಡಿ ಮನೆಯಲ್ಲಿ ನೆಲೆಯೂರಿದೆ, ಮೆಂತ್ಯವನ್ನು ಮಾತ್ರ ಅಮ್ಮ ಅರ್ಧಕ್ಕೆ ಇಳಿಸಿದ್ದಾರೆ. ನೆರಳಿನಲ್ಲಿ ಒಣಗಿಸಿದ ಗುಲಾಬಿ ಆರನೆಯ ದಿನಕ್ಕೆ ಹಪ್ಪಳದಂತೆ ಮುರಿಯಿತು, ಇನ್ನೂ ಕೆಟ್ಟಿಲ್ಲ. ಅಮ್ಮ ಈಗ ಹನ್ನೊಂದರ ಸುಮಾರಿಗೆ ಮಲಗುತ್ತಾರೆ. ಶ್ರೇಯಸ್ಸು ಯಾರಿಗೆ ಎಂಬ ಚರ್ಚೆಯಲ್ಲಿ ಅವರು ಗುಲಾಬಿಯ ಪಕ್ಷ, ನಾನು ಅಳತೆಗೋಲಿನವರ ಪಕ್ಷ. ಚಿಕೋರಿಯ ಡಿಕಾಕ್ಷನ್ ಕುಡಿದು, “ಕಾಫಿಯ ವೇಷ ಹಾಕಿ ಬಂದವರು ಯಾರಿದು?” ಎಂದು ಕೇಳಿ ಲೋಟವನ್ನು ನನ್ನ ಕಡೆ ತಳ್ಳಿದರು. ಶಿರಸಿಯವರಲ್ಲಿ ಇನ್ನೊಂದು ಪ್ರಶ್ನೆ: ಗುಲಾಬಿ ಹಾಕಿದ ಕಷಾಯಕ್ಕೆ ಹಾಲು ಬೆರೆಸುವುದಾದರೆ ಬೆಲ್ಲವನ್ನು ಯಾವಾಗ ಹಾಕಬೇಕು? ನಿನ್ನೆ ಒಲೆಯ ಮೇಲಿರುವಾಗಲೇ ಹಾಕಿದೆ, ಹಾಲು ಒಡೆಯಿತು.

ಉತ್ತರ: ಕಷಾಯದ ಮನೆ, ಶಿರಸಿ

ಬೆಲ್ಲವನ್ನು ಕಷಾಯದ ನೀರಿನಲ್ಲೇ ಮೊದಲು ಕರಗಿಸಿ ಸೋಸಿಕೊಳ್ಳಿ. ಹಾಲನ್ನು ಬೇರೆಯಾಗಿ ಕಾಯಿಸಿ, ಎರಡೂ ಒಲೆಯಿಂದ ಇಳಿದು ಕುದಿ ಅಡಗಿದ ಮೇಲೆ ಲೋಟದಲ್ಲೇ ಬೆರೆಸಿ. ಬೆರೆಸಿದ ನಂತರ ಮತ್ತೆ ಒಲೆಗಿಡಬೇಡಿ. ಹಾಲು ಹಾಕುವ ದಿನ ನಿಂಬೆಹಣ್ಣು ಅಡುಗೆಮನೆಯ ಕಟ್ಟೆಯ ಮೇಲೂ ಇರದಿರಲಿ.