ಮನೆಯನ್ನು ಮಗನ ಹೆಸರಿಗೆ ಮಾಡಿ ಬೆಂಗಳೂರಿಗೆ ಹೋಗಬೇಕೆ, ದಾವಣಗೆರೆಯಲ್ಲೇ ಇರಬೇಕೆ?

ವಿಜ್ಞಾನ ಟೀಚರ್, ದಾವಣಗೆರೆ

ನನಗೆ 69 ವರ್ಷ. ಸರ್ಕಾರಿ ಪ್ರೌಢಶಾಲೆಯಲ್ಲಿ ವಿಜ್ಞಾನ ಕಲಿಸಿ ನಿವೃತ್ತಳಾದವಳು. ಯಜಮಾನರು ತೀರಿಕೊಂಡ ಮೇಲೆ ನಿಜಲಿಂಗಪ್ಪ ಬಡಾವಣೆಯ ಮನೆಯಲ್ಲಿ ಒಬ್ಬಳೇ ಇದ್ದೇನೆ. ನನ್ನ ಸಂಬಳದ ಮೇಲೆ ಸಾಲ ಮಾಡಿ ಕಟ್ಟಿಸಿದ ಮನೆ, ನನ್ನ ಹೆಸರಿನಲ್ಲೇ ಇದೆ. ಪಿಂಚಣಿ ಬರುತ್ತದೆ. ಸಕ್ಕರೆ ಕಾಯಿಲೆ ಹತೋಟಿಯಲ್ಲಿದೆ. ಎಡ ಮೊಣಕಾಲು ಮಾತ್ರ ಮೆಟ್ಟಿಲು ಕಂಡರೆ ಮುನಿಸಿಕೊಳ್ಳುತ್ತದೆ.

ಮಗ ಬೆಂಗಳೂರಿನಲ್ಲಿದ್ದಾನೆ. ಒಳ್ಳೆಯವನು, ಸೊಸೆಯೂ ಒಳ್ಳೆಯವಳು. "ಅಮ್ಮಾ, ಮನೆಯನ್ನು ನನ್ನ ಹೆಸರಿಗೆ ದಾನಪತ್ರ ಮಾಡಿಬಿಡು, ಬಾಡಿಗೆಗೆ ಕೊಡೋಣ, ನೀನು ಇಲ್ಲಿಗೆ ಬಂದುಬಿಡು" ಎಂದು ಪ್ರತಿ ಭಾನುವಾರ ಹೇಳುತ್ತಾನೆ. ಅಲ್ಲಿಯೂ ಇದ್ದು ನೋಡಿದ್ದೇನೆ. ಬೆಳಿಗ್ಗೆ ಎಂಟೂವರೆಯ ನಂತರ ಆ ಹನ್ನೊಂದನೇ ಮಹಡಿಯಲ್ಲಿ ಮಾತನಾಡುವುದು ವಾಷಿಂಗ್ ಮೆಷಿನ್ ಒಂದೇ. ಇಲ್ಲಿ ಸೊಪ್ಪಿನವಳೊಂದಿಗೆ ಚೌಕಾಸಿ ಮಾಡುವುದರಿಂದ ದಿನ ಶುರುವಾಗುತ್ತದೆ, ಸಂಜೆ ಪಕ್ಕದ ಬೀದಿಯ ಮಕ್ಕಳು ಪಾಠಕ್ಕೆ ಬರುತ್ತಾರೆ.

ಇಲ್ಲಿಯೇ ಇರಬೇಕೆಂಬುದು ನನ್ನ ಆಸೆ. ಅದು ಹಟವೋ ವಿವೇಕವೋ ತಿಳಿಯದು. ದಾನಪತ್ರದ ವಿಷಯವನ್ನಂತೂ ಬಲ್ಲವರು ಹೇಳಬೇಕು.

ಬಿಕ್ಕಲಂ, ಚಿತ್ರದುರ್ಗ

ಟೀಚರ್ ಅವರಿಗೆ ನಮಸ್ಕಾರ. ಉಪ ನೋಂದಣಿ ಕಚೇರಿಯ ಎದುರು ಮರದ ಪೆಟ್ಟಿಗೆ ಇಟ್ಟುಕೊಂಡು ಕ್ರಯಪತ್ರ, ದಾನಪತ್ರ, ವಿಭಾಗಪತ್ರ ಬರೆಯುತ್ತಲೇ ಆಯುಷ್ಯ ಕಳೆದವನು ನಾನು. ಈಗ 76. ಕಂಪ್ಯೂಟರ್ ಬಂದ ಮೇಲೆ ನನ್ನ ದುಂಡನೆಯ ಅಕ್ಷರಕ್ಕೆ ಗಿರಾಕಿ ಇಲ್ಲ, ಆದರೆ ಚಕ್ಕುಬಂದಿ (ಆಸ್ತಿಯ ನಾಲ್ಕು ದಿಕ್ಕಿನ ಎಲ್ಲೆ) ತಪ್ಪಿಲ್ಲದೆ ಬರೆಯಬೇಕಾದರೆ ಇವತ್ತಿಗೂ ಹುಡುಗರು ಮನೆಗೆ ಬರುತ್ತಾರೆ.

ದಾನಪತ್ರ ನೋಂದಣಿಯಾದ ಗಳಿಗೆಯಿಂದ ಮನೆ ನಿಮ್ಮದಲ್ಲ. ಮಗ ಒಳ್ಳೆಯವನು ಎಂದಿದ್ದೀರಿ, ಒಪ್ಪಿದೆ. ನಾನು ಬರೆದ ದಾನಪತ್ರಗಳಲ್ಲಿ ಕೆಟ್ಟ ಮಗ ಒಬ್ಬನೂ ಇರಲಿಲ್ಲ. ಬರೆಸುವ ದಿನ ಎಲ್ಲರೂ ಶ್ರವಣಕುಮಾರರೇ. ಅಮ್ಮನನ್ನು ಕೈಹಿಡಿದು ಕರೆತರುತ್ತಾರೆ, ಎಳನೀರು ಕುಡಿಸುತ್ತಾರೆ, ಹೆಬ್ಬೆರಳಿಗೆ ಹತ್ತಿದ ಶಾಯಿಯನ್ನು ತಮ್ಮ ಕರವಸ್ತ್ರದಲ್ಲೇ ಒರೆಸುತ್ತಾರೆ. ಆಮೇಲೆ ಎಂದೋ ವ್ಯಾಪಾರ ಮುಳುಗುತ್ತದೆ, ಮನೆ ಬ್ಯಾಂಕಿಗೆ ಅಡಮಾನವಾಗುತ್ತದೆ. ಮಗ ಕೆಟ್ಟವನಾಗಬೇಕಿಲ್ಲ, ಅವನ ಕಾಲ ಕೆಟ್ಟರೆ ಸಾಕು.

ಹಿರಿಯ ನಾಗರಿಕರ ಪೋಷಣೆಗೆಂದು 2007ರ ಕಾಯ್ದೆ ಇದೆ. ಅದರ 23ನೇ ಕಲಮಿನ ಪ್ರಕಾರ, ನೋಡಿಕೊಳ್ಳಬೇಕೆಂಬ ಷರತ್ತಿನ ಮೇಲೆ ಆಸ್ತಿ ಕೊಟ್ಟಿದ್ದು, ಪಡೆದವರು ನೋಡಿಕೊಳ್ಳದೆ ಹೋದರೆ ಆ ಪತ್ರವನ್ನು ರದ್ದು ಮಾಡಿಸಬಹುದು. ಅರ್ಜಿಯನ್ನು ಉಪವಿಭಾಗಾಧಿಕಾರಿಗಳ ಮುಂದೆ ಹಾಕಬೇಕು. ಆದರೆ ನಮ್ಮ ಕಡೆಯ ದಾನಪತ್ರಗಳನ್ನು ತೆಗೆದು ನೋಡಿ, "ಪ್ರೀತಿ ವಿಶ್ವಾಸದಿಂದ" ಎಂಬ ಎರಡು ಪದ ಬಿಟ್ಟರೆ ಷರತ್ತಿನ ಸುಳಿವೇ ಇರುವುದಿಲ್ಲ. ಷರತ್ತು ಇದ್ದದ್ದು ತೋರಿಸಿದ ಹೊರತು 23ನೇ ಕಲಂ ನಿಲ್ಲದು ಎಂದು 2022ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. 2025ರ ಆರಂಭದಲ್ಲಿ ಅದೇ ಕೋರ್ಟಿನ ಇನ್ನೊಂದು ಪೀಠ, ಈ ಕಾಯ್ದೆಯನ್ನು ಹಿರಿಯರ ಪರವಾಗಿ ಉದಾರವಾಗಿ ಓದಬೇಕು ಎಂದಿತು. ಯಾವ ಪೀಠ ಏನು ಓದುತ್ತದೆ ಎಂದು ಕಾಯುವ ವಯಸ್ಸು ನಮ್ಮದಲ್ಲ. ಕೊಡಲೇಬೇಕೆಂದಿದ್ದರೆ ಷರತ್ತನ್ನು ಪತ್ರದೊಳಗೇ ಬರೆಸಿ.

ನನ್ನನ್ನು ಕೇಳಿದರೆ ದಾನಪತ್ರ ಬೇಡವೇ ಬೇಡ, ಮರಣಶಾಸನ ಬರೆಯಿರಿ. ಸ್ವಯಾರ್ಜಿತ ಆಸ್ತಿ, ಯಾರ ಅಪ್ಪಣೆಯೂ ಬೇಕಿಲ್ಲ. ಛಾಪಾ ಕಾಗದ ಬೇಕಿಲ್ಲ, ನೋಂದಣಿಯೂ ಕಡ್ಡಾಯವಲ್ಲ, ಮಾಡಿಸಿದರೆ ಒಳ್ಳೆಯದು. ಇಬ್ಬರು ಸಾಕ್ಷಿಗಳು ಬೇಕು. ಇವತ್ತು ಬರೆದು ಮುಂದಿನ ಯುಗಾದಿಗೆ ಬದಲಿಸಿದರೂ ಕೇಳುವವರಿಲ್ಲ. ಮಗನಿಗೆ ಮನೆ ಸಿಕ್ಕೇ ಸಿಗುತ್ತದೆ, ಸ್ವಲ್ಪ ಕಾಯಬೇಕು ಅಷ್ಟೆ.

ಇನ್ನು ಒಬ್ಬರೇ ಇರುವ ವಿಷಯ. ನಾನೂ ಒಬ್ಬನೇ. ನನಗೆ ಪಿಂಚಣಿ ಎಂಬುದಿಲ್ಲ. ಕೂಡಿಟ್ಟದ್ದನ್ನು ಅಂಚೆ ಕಚೇರಿಯ ಹಿರಿಯ ನಾಗರಿಕರ ಉಳಿತಾಯ ಯೋಜನೆಯಲ್ಲಿ ಹಾಕಿದ್ದೇನೆ. ಐದು ವರ್ಷದ ಅವಧಿ, ಮೂರು ತಿಂಗಳಿಗೊಮ್ಮೆ ಬಡ್ಡಿ, 30 ಲಕ್ಷದವರೆಗೆ ಇಡಬಹುದು (ನನ್ನದು ಅದರ ಹತ್ತಿರವೂ ಇಲ್ಲ). ಮಗಳು ಹಣ ಕಳಿಸುತ್ತೇನೆ ಎಂದಾಗ, "ಹಣ ಬೇಡ, ಮೊಮ್ಮಗನನ್ನು ಬೇಸಿಗೆ ರಜೆಗೆ ಕಳಿಸು" ಎನ್ನುತ್ತೇನೆ. ಸಿಲಿಂಡರ್ ಬದಲಿಸಲು ಎದುರುಮನೆಯ ಹುಡುಗ ಬರುತ್ತಾನೆ, ಪ್ರತಿ ಸಲವೂ ದುಡ್ಡು ಕೊಡುತ್ತೇನೆ. ಅವನ ತಾಯಿ ಬೇಡವೆಂದು ಜಗಳ ತೆಗೆದಳು. ಬಿಟ್ಟಿಯಾಗಿ ಎರಡು ಸಲ ಕರೆಯಬಹುದು, ಮೂರನೆಯ ಸಲ ನಮಗೇ ನಾಲಿಗೆ ಏಳುವುದಿಲ್ಲ. ದುಡ್ಡು ಕೊಟ್ಟರೆ ರಾತ್ರಿ ಹತ್ತಕ್ಕೂ ಕರೆಯಬಹುದು. ಮಧ್ಯಾಹ್ನದ ಮುದ್ದೆ ಖಾನಾವಳಿಯಿಂದ ಬರುತ್ತದೆ, ರಾತ್ರಿ ಮಾತ್ರ ನಾನೇ ಏನಾದರೂ ಬೇಯಿಸುತ್ತೇನೆ. ಸಂಜೆ ಕೋಟೆಯ ಕಡೆ ಕಾಮನಬಾಗಿಲಿನವರೆಗೆ ನಡಿಗೆ. ಒಳಗೆ ಹತ್ತುವುದನ್ನು ಬಿಟ್ಟಿದ್ದೇನೆ, ಬಂಡೆಯ ಮೆಟ್ಟಿಲು ನಮ್ಮ ವಯಸ್ಸಿನವರ ಮರ್ಯಾದೆ ಕಾಯುವುದಿಲ್ಲ.

ಹರಿಹರದ ಮಗಳು, ಪುಣೆ

ಹಿರಿಯರು ಕ್ಷಮಿಸಬೇಕು, ಇದನ್ನೆಲ್ಲ ಓದುವಾಗ ನನಗೆ ಟೀಚರ್ ಅವರ ಮಗನ ಮೇಲೆಯೇ ಕನಿಕರ ಬಂತು. ನನ್ನ ಅಮ್ಮ ಹರಿಹರದಲ್ಲಿ ಒಬ್ಬರೇ ಇದ್ದಾರೆ. ಫೋನ್ ಎತ್ತದಿದ್ದರೆ ಇಲ್ಲಿ ನನಗೆ ಅನ್ನ ಇಳಿಯುವುದಿಲ್ಲ.

ಹೋದ ಮಳೆಗಾಲ ಅಮ್ಮ ಬಚ್ಚಲಲ್ಲಿ ಜಾರಿದರು. ಪಕ್ಕದ ಮನೆಯ ಅತ್ತೆಯ ಹತ್ತಿರ ನಮ್ಮ ಬೀಗದ ಕೈ ಇತ್ತು. ಆದರೆ ಬಾಗಿಲಿಗೆ ಒಳಗಿನಿಂದ ಮೇಲೊಂದು ಕೆಳಗೊಂದು ಚಿಲಕ, ನಡುವೆ ಅಗುಳಿ ಬೇರೆ! ಕಳ್ಳರಿಗೆಂದು ಹಾಕಿಸಿದ್ದು. ಬೀಗದ ಕೈ ಹಿಡಿದುಕೊಂಡು ಅತ್ತೆ ಹೊರಗೆ ನಿಂತಿದ್ದಾರೆ, ಒಳಗೆ ಅಮ್ಮ ನೆಲದ ಮೇಲೆ. ಕೊನೆಗೆ ಹಿತ್ತಲ ಬಾಗಿಲು ಮುರಿದರು. ಪುಣ್ಯಕ್ಕೆ ಮೂಳೆ ಮುರಿದಿರಲಿಲ್ಲ.

ಈಗ ಚಿಲಕಗಳನ್ನೆಲ್ಲ ಕಿತ್ತು, ಹೊರಗಿನಿಂದಲೂ ಬೀಗದ ಕೈಯಲ್ಲಿ ತೆರೆಯುವ ಬೀಗ ಹಾಕಿಸಿದ್ದೇನೆ. ಬಚ್ಚಲಿನ ಗೋಡೆಗೆ ಸ್ಟೀಲಿನ ಹಿಡಿಕೆ, ನುಣುಪು ಟೈಲ್ಸ್ ತೆಗೆಸಿ ಒರಟು ಕಲ್ಲು, ಹಾಸಿಗೆಯಿಂದ ಬಚ್ಚಲವರೆಗೆ ರಾತ್ರಿ ಉರಿಯುವ ಸಣ್ಣ ದೀಪ. ಟೀಚರ್, ನೀವು ಅಲ್ಲೇ ಇರಿ, ಬೇಡವೆನ್ನುವುದಿಲ್ಲ. ಆದರೆ ಬೆಳಿಗ್ಗೆ ಕಾಫಿ ಕುಡಿದ ಕೂಡಲೇ ಮಗನಿಗೆ ಒಂದು ಸಂದೇಶ ಹಾಕಿ. "ಶುಭೋದಯ" ಎಂಬ ಗುಲಾಬಿ ಹೂವಿನ ಚಿತ್ರವಾದರೂ ಸರಿ.

ಬೆಳಗಿನ ವಾಯುವಿಹಾರಿ, ದಾವಣಗೆರೆ

ಟೀಚರ್, ನಮ್ಮೂರಿನವರೇ ಆಗಿದ್ದೀರಿ! ಬೆಳಿಗ್ಗೆ ಆರಕ್ಕೆ ಕುಂದುವಾಡ ಕೆರೆಗೆ ಬನ್ನಿ. ಏರಿಯ ಮೇಲಿನ ದಾರಿ ಸಮತಟ್ಟು, ನಿಮ್ಮ ಮೊಣಕಾಲಿಗೆ ಅಡ್ಡಿಯಿಲ್ಲ. ನಮ್ಮದೊಂದು ಹೆಂಗಸರ ಗುಂಪಿದೆ, ಅರ್ಧ ನಡಿಗೆ, ಅರ್ಧ ಹರಟೆ. ಗುರುವಾರ ಮಾತ್ರ ನಡಿಗೆ ಮುಗಿಸಿ ಬೆಣ್ಣೆದೋಸೆ ತಿನ್ನುತ್ತೇವೆ, ಇದನ್ನು ನಿಮ್ಮ ವೈದ್ಯರಿಗೆ ಹೇಳಬೇಡಿ.

ಶಕ್ತಿ ಯೋಜನೆಯಲ್ಲಿ ಬಸ್ಸು ಪುಕ್ಕಟೆಯಾದ ಮೇಲೆ ನಮ್ಮ ಕಾಲಿಗೆ ಚಕ್ರ ಬಂದಿದೆ. ಸಂತೇಬೆನ್ನೂರು ಪುಷ್ಕರಣಿ, ಸೂಳೆಕೆರೆ, ಹರಿಹರೇಶ್ವರನ ಗುಡಿ ಎಲ್ಲವನ್ನೂ ನೋಡಿದ್ದಾಯಿತು. ಆಧಾರ್ ಕಾರ್ಡ್ ಚೀಲದಲ್ಲಿದ್ದರೆ ಆಯಿತು.

ನಿಮಗೆ 70 ತುಂಬಿದ ಕೂಡಲೇ ಆಯುಷ್ಮಾನ್ ವಯ ವಂದನಾ ಕಾರ್ಡ್ ಮಾಡಿಸಿಕೊಳ್ಳಿ, ಆದಾಯದ ಮಿತಿ ಇಲ್ಲ, ವರ್ಷಕ್ಕೆ 5 ಲಕ್ಷದವರೆಗೆ ಚಿಕಿತ್ಸೆ. ಯಾವ ಆಸ್ಪತ್ರೆ ಪಟ್ಟಿಯಲ್ಲಿದೆ ಎಂದು ಕಾಯಿಲೆ ಬರುವ ಮೊದಲೇ ವಿಚಾರಿಸಿಡಿ. ಪೊಲೀಸರ ವೇಷದಲ್ಲಿ ವಿಡಿಯೋ ಕರೆ ಮಾಡಿ "ಡಿಜಿಟಲ್ ಅರೆಸ್ಟ್" ಎಂದು ಹೆದರಿಸಿದರೆ ಕರೆ ಕತ್ತರಿಸಿ. ಹಣ ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ. ನಮ್ಮ ಗುಂಪಿನ ಒಬ್ಬರಿಗೆ ಇಂಥ ಕರೆ ಬಂದಾಗ, "ಸ್ವಲ್ಪ ಇರಪ್ಪ, ಒಲೆ ಮೇಲೆ ಹಾಲಿದೆ" ಎಂದು ಎದ್ದು ಹೋದರಂತೆ. ಅವನೇ ಬೇಸತ್ತು ಇಟ್ಟನಂತೆ.

ವಿಜ್ಞಾನ ಟೀಚರ್, ದಾವಣಗೆರೆ

ಎಲ್ಲರಿಗೂ ವಂದನೆ. ನಿನ್ನೆ ಮಗನಿಗೆ ಹೇಳಿದೆ, ದಾನಪತ್ರ ಇಲ್ಲ, ಮರಣಶಾಸನ ಬರೆಯುತ್ತೇನೆ ಎಂದು. ಸ್ವಲ್ಪ ಹೊತ್ತು ಸುಮ್ಮನಿದ್ದ. ಬೇಸರವಾಗಿದೆ, ಅದು ನನಗೆ ಗೊತ್ತಾಗದೇ ಇರುತ್ತದೆಯೇ. ಹರಿಹರದ ಮಗಳು ಬರೆದದ್ದನ್ನು ಅವನಿಗೆ ಓದಿ ಹೇಳಿದ ಮೇಲೆ, "ಹಾಗಾದರೆ ಬಚ್ಚಲಿನ ಕೆಲಸದ ಖರ್ಚು ನನ್ನದು" ಎಂದ. ಒಪ್ಪಿಕೊಂಡೆ. ಬಡಗಿ ಸೋಮವಾರ ಬರುತ್ತಾನೆ, ನಮ್ಮ ಮನೆಯ ಬಾಗಿಲಿಗೂ ಎರಡು ಚಿಲಕಗಳಿವೆ. ಚಳಿಗಾಲದಲ್ಲಿ ಒಂದು ತಿಂಗಳು ಬೆಂಗಳೂರಿಗೆ ಹೋಗಿ ಬರುತ್ತೇನೆ.

ಬಿಕ್ಕಲಂ ಅವರೇ, ಮರಣಶಾಸನಕ್ಕೆ ಏನೇನು ತರಬೇಕು? ಸಾಕ್ಷಿಗೆ ನನ್ನ ಜೊತೆ ಕೆಲಸ ಮಾಡಿದ ಇಬ್ಬರು ಗೆಳತಿಯರು ಸಿದ್ಧರಿದ್ದಾರೆ.

ಬಿಕ್ಕಲಂ, ಚಿತ್ರದುರ್ಗ

ಆಧಾರ್, ಮನೆಯ ಖಾತೆಯ ಪ್ರತಿ, ಈ ಸಾಲಿನ ಕಂದಾಯ ರಸೀದಿ, ಕ್ರಯಪತ್ರದ ನಕಲು. ಸ್ವಸ್ಥ ಚಿತ್ತದಲ್ಲಿದ್ದೀರಿ ಎಂದು ನಿಮ್ಮ ವೈದ್ಯರಿಂದ ಅದೇ ದಿನಾಂಕದ ಒಂದು ಪ್ರಮಾಣಪತ್ರ ಪಡೆದರೆ ಮುಂದೆ ತಕರಾರಿಗೆ ಜಾಗವಿರುವುದಿಲ್ಲ. ಗೆಳತಿಯರು ಬೇಡ, ಟೀಚರ್. ಮುಂದೆಂದೋ ಕೋರ್ಟಿನಲ್ಲಿ "ಹೌದು, ನನ್ನ ಎದುರಿಗೇ ಸಹಿ ಹಾಕಿದರು" ಎನ್ನಲು ಸಾಕ್ಷಿಗಳು ಬದುಕಿರಬೇಕು. ನಿಮ್ಮ ಹಳೆಯ ವಿದ್ಯಾರ್ಥಿಗಳಲ್ಲಿ ನಲವತ್ತು ದಾಟದ ಇಬ್ಬರನ್ನು ಹುಡುಕಿ.